ಸಾಲದ ಲೆಕ್ಕ, ನೆಲದ ಕಥೆ: ತರೀಕೆರೆ ಸಿದ್ಧಲಿಂಗಯ್ಯನವರ ಚಿತ್ರಕಥೆಗಳು

‘ಬಂಗಾರದ ಮನುಷ್ಯ’ ಯಾರ ಸಿನಿಮಾ ಎಂದು ಐವತ್ತು ದಾಟಿದ ಕನ್ನಡಿಗರನ್ನು ಕೇಳಿ ನೋಡಿ. ರಾಜಕುಮಾರ್ ಅವರದ್ದು ಎನ್ನುವವರೇ ಹೆಚ್ಚು. ಓದುವ ಹವ್ಯಾಸ ಇರುವವರು ಅದು ಟಿ.ಕೆ. ರಾಮರಾಯರ ಕಾದಂಬರಿ ಎಂದು ನೆನಪಿಸುತ್ತಾರೆ. ಹಾಡಿನ ಹುಚ್ಚಿನವರು ಜಿ.ಕೆ. ವೆಂಕಟೇಶ್ ಹೆಸರು ಹೇಳುತ್ತಾರೆ. ಎಲ್ಲರೂ ಹೇಳುವುದು ಸರಿಯೇ. ಆದರೆ ಆ ಕಾದಂಬರಿಯಲ್ಲಿ ಬೇಕಾದ್ದನ್ನು ಆರಿಸಿ, ಬೇಡದ್ದನ್ನು ಬಿಟ್ಟು, ಯಾವುದು ಮೊದಲು ಬರಬೇಕು ಯಾವುದು ಆಮೇಲೆ ಎಂದು ಜೋಡಿಸಿ, ಎಲ್ಲಿ ಮಾತು ಸಾಕು ಎಲ್ಲಿ ಮೌನ ಬೇಕು ಎಂದು ನಿರ್ಧರಿಸಿದವರು ಮತ್ತೊಬ್ಬರಿದ್ದಾರೆ. ಅವರು ತರೀಕೆರೆಯವರು. ಹೆಸರು ಸಿದ್ಧಲಿಂಗಯ್ಯ.

ಈ ಹೆಸರು ಕೇಳಿದೊಡನೆ ಇಂದಿನ ಓದುಗರಿಗೆ ದಲಿತ ಕವಿ ಸಿದ್ಧಲಿಂಗಯ್ಯ ನೆನಪಾಗುವುದು ಸಹಜ. ಅವರು ಮಾಗಡಿ ಕಡೆಯವರು, ಇವರಿಗಿಂತ ಕಿರಿಯರು. ನಾವಿಲ್ಲಿ ಮಾತಾಡುತ್ತಿರುವುದು 1936ರಲ್ಲಿ ಹುಟ್ಟಿ, 2015ರ ಮಾರ್ಚ್ 12ರಂದು ಬೆಂಗಳೂರಿನಲ್ಲಿ ತೀರಿಕೊಂಡ ಚಿತ್ರನಿರ್ದೇಶಕ ಸಿದ್ಧಲಿಂಗಯ್ಯನವರ ಬಗ್ಗೆ. ನಿರ್ದೇಶಕರಾಗಿ ಅವರನ್ನು ಕನ್ನಡಿಗರು ಮರೆತಿಲ್ಲ. ಚಿತ್ರಕಥೆಗಾರರಾಗಿ ಅವರನ್ನು ಸರಿಯಾಗಿ ಗುರುತಿಸಿದ್ದೇವೆಯೇ ಎಂಬುದು ಪ್ರಶ್ನೆ.

ಮೂರು ಬೇರೆ ಬೇರೆ ಕೆಲಸಗಳು

ಹಳೆಯ ಕನ್ನಡ ಚಿತ್ರಗಳ ಟೈಟಲ್ ಕಾರ್ಡಿನಲ್ಲಿ ಮೂರು ಸಾಲು ಒಂದರ ಹಿಂದೆ ಒಂದು ಬರುತ್ತವೆ: ಕಥೆ, ಸಂಭಾಷಣೆ, ಚಿತ್ರಕಥೆ. ಕಥೆ ಹೆಚ್ಚಾಗಿ ಕಾದಂಬರಿಕಾರರದ್ದು. ಸಂಭಾಷಣೆ ಬರೆಯಲು ಕಂಪನಿ ನಾಟಕದಲ್ಲಿ ಪಳಗಿದವರು ಇರುತ್ತಿದ್ದರು. 1934ರಲ್ಲಿ ತೆರೆಕಂಡ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ಗೆ ಬೆಳ್ಳಾವೆ ನರಹರಿಶಾಸ್ತ್ರಿಗಳು ಬರೆದದ್ದು ಈ ಪರಂಪರೆಗೆ ನಾಂದಿ. ಆಮೇಲೆ ಹುಣಸೂರು ಕೃಷ್ಣಮೂರ್ತಿ, ಕು.ರಾ. ಸೀತಾರಾಮಶಾಸ್ತ್ರಿ, ಚಿ. ಸದಾಶಿವಯ್ಯ, ಚಿ. ಉದಯಶಂಕರ್ ಅಂಥವರು ಬಂದರು. ಮೂರನೆಯದಾದ ಚಿತ್ರಕಥೆ ಮಾತ್ರ ನಿರ್ದೇಶಕರ ಹೆಸರಿಗೇ ಅಂಟಿಕೊಂಡು, ‘ಚಿತ್ರಕಥೆ–ನಿರ್ದೇಶನ’ ಎಂದು ಒಂದೇ ಉಸಿರಿನಲ್ಲಿ ಮುಗಿದುಹೋಗುತ್ತಿತ್ತು. ಹಾಗಾಗಿ ಅದು ಪ್ರತ್ಯೇಕವಾದ ಬರವಣಿಗೆ ಎಂಬುದೇ ಪ್ರೇಕ್ಷಕರ ಗಮನಕ್ಕೆ ಬರಲಿಲ್ಲ.

ಕಾದಂಬರಿಕಾರ ‘ಅವನಿಗೆ ಬೇಸರವಾಯಿತು’ ಎಂದು ಬರೆದು ಮುಂದೆ ಹೋಗಬಹುದು. ಚಿತ್ರಕಥೆಗಾರನಿಗೆ ಆ ಅನುಕೂಲ ಇಲ್ಲ. ಬೇಸರಗೊಂಡವನು ಎಲ್ಲಿದ್ದಾನೆ, ಕೈಯಲ್ಲಿ ಏನಿದೆ, ಎದುರಿಗೆ ಯಾರಿದ್ದಾರೆ, ಬೇಸರವಾದದ್ದು ನೋಡುವವನಿಗೆ ಯಾವುದರಿಂದ ಗೊತ್ತಾಗಬೇಕು ಎಂಬುದನ್ನೆಲ್ಲ ಅವನು ಬರೆದಿಡಬೇಕು. ಅದರ ಜೊತೆಗೆ ಕಾಲದ ಹಿಡಿತವೂ ಬೇಕು. ಸಾವಿರ ಅಡಿಯ ಒಂದು ರೀಲು ಓಡುವುದು ಸುಮಾರು 11 ನಿಮಿಷ. ಟೂರಿಂಗ್ ಟಾಕೀಸಿನ ಡೇರೆಯಲ್ಲಿ ಪ್ರೊಜೆಕ್ಟರ್ ಒಂದೇ ಇರುವುದು ರೂಢಿ. ರೀಲು ಬದಲಾಯಿಸುವಾಗ ದೀಪ ಹತ್ತುತ್ತದೆ, ಕಡಲೆಕಾಯಿ ಮಾರುವ ಹುಡುಗ ಒಳಗೆ ಬರುತ್ತಾನೆ. ದೀಪ ಆರಿದ ಮೇಲೆ ನೆಲದಲ್ಲಿ ಕೂತವನೂ ಕುರ್ಚಿಯಲ್ಲಿ ಕೂತವನೂ ಕಥೆಯನ್ನು ಬಿಟ್ಟಲ್ಲಿಂದಲೇ ಹಿಡಿಯಬೇಕು. ಅಕ್ಷರ ಬಾರದವರಿಗೂ ‘ಈಗ ಏನಾಗಬೇಕಿದೆ’ ಎಂಬುದು ನಿಚ್ಚಳವಾಗಿರಬೇಕು. ಕಡೂರು, ಬೀರೂರು, ತರೀಕೆರೆ, ಅಜ್ಜಂಪುರದಂಥ ಊರುಗಳ ಡೇರೆಗಳಲ್ಲಿ ಚಿತ್ರ ಗೆಲ್ಲುವುದು ಬೀಳುವುದು ಇದರ ಮೇಲೆಯೇ ನಿಂತಿತ್ತು.

ಬಂದ ಸೀಮೆ ಎಂಥದ್ದು?

ಇಂದಿನ ಚಿಕ್ಕಮಗಳೂರು ಜಿಲ್ಲೆಗೆ 1947ರವರೆಗೂ ಕಡೂರು ಜಿಲ್ಲೆ ಎಂದೇ ಹೆಸರು. ಜಿಲ್ಲೆ ಎಂದರೆ ಹೊರಗಿನವರ ಕಣ್ಣಿಗೆ ಕಾಣುವುದು ಕಾಫಿ ತೋಟ, ಮಂಜು, ಬಾಬಾಬುಡನ್‌ಗಿರಿ. ಕಡೂರು, ತರೀಕೆರೆ, ಅಜ್ಜಂಪುರದ ಬದುಕು ಬೇರೆ. ತರೀಕೆರೆಯ ಒಂದು ಮಗ್ಗುಲಲ್ಲಿ ಕೆಮ್ಮಣ್ಣುಗುಂಡಿಯ ಮಲೆಸಾಲು, ಮತ್ತೊಂದು ಮಗ್ಗುಲಲ್ಲಿ ಅಡಿಕೆ ತೋಟ, ಅಲ್ಲಿಂದ ಮುಂದಕ್ಕೆ ಬಯಲು. ಕಡೂರಿನಲ್ಲಿ ರಾಗಿ, ತೆಂಗು. ಅಜ್ಜಂಪುರದಲ್ಲಿ ಈರುಳ್ಳಿ ಮತ್ತು ಅಮೃತ ಮಹಲ್ ದನಗಳ ಸರ್ಕಾರಿ ತಳಿ ಕೇಂದ್ರ. ಇತ್ತೀಚೆಗೆ ಪ್ರತ್ಯೇಕ ತಾಲ್ಲೂಕಾಗುವವರೆಗೂ ಅಜ್ಜಂಪುರ ತರೀಕೆರೆಗೇ ಸೇರಿತ್ತು.

ಈ ಸೀಮೆಯ ಚರಿತ್ರೆ ಎಂದರೆ ನೀರಿನ ಚರಿತ್ರೆ. ಸಖರಾಯಪಟ್ಟಣದ ಅಯ್ಯನಕೆರೆ, ಕೆಂಚವ್ವನ ಐತಿಹ್ಯ ಹೊತ್ತ ಮದಗದ ಕೆರೆ, ಎರಡೂ ಕಡೂರು ತಾಲ್ಲೂಕಿನವು. ಕೋಡಿ ಬಿದ್ದ ವರ್ಷ ಹಬ್ಬ, ಬೀಳದ ವರ್ಷ ಸಾಲ. ಲಕ್ಕವಳ್ಳಿಯಲ್ಲಿ ಭದ್ರಾ ಜಲಾಶಯ ತರೀಕೆರೆ ತಾಲ್ಲೂಕಿನಲ್ಲೇ ಎದ್ದು ನಿಂತಿತು. ಅದರ ನಾಲೆಗಳು ಹೆಚ್ಚಾಗಿ ದಾವಣಗೆರೆ, ಶಿವಮೊಗ್ಗದ ಕಡೆಗೆ ಹರಿದವು. ಕಡೂರಿನ ಬಯಲು ಮಳೆಯ ದಾರಿ ಕಾಯುತ್ತಲೇ ಉಳಿಯಿತು. ಭದ್ರಾ ಮೇಲ್ದಂಡೆ ಯೋಜನೆಗಾಗಿ ಅಜ್ಜಂಪುರದ ಹತ್ತಿರ ಸುರಂಗ ಕೊರೆದದ್ದು ನಮ್ಮ ಕಾಲದ ಮಾತು.

ಅಜ್ಜಂಪುರಕ್ಕೆ ಸಾಹಿತ್ಯದಲ್ಲೂ ಹೆಸರಿದೆ. ‘ನಾನು ಕೊಂದ ಹುಡುಗಿ’ ಬರೆದ ಆನಂದ, ಅಂದರೆ ಅಜ್ಜಂಪುರ ಸೀತಾರಾಂ, ಕನ್ನಡ ಸಣ್ಣಕತೆಯ ಮೊದಲ ಸಾಲಿನವರು. ಆನಂದರ ಕಣ್ಣು ಹೆಚ್ಚಾಗಿ ಮನೆಯೊಳಗಿನ ದಾಂಪತ್ಯದ ಮೇಲಿತ್ತು. ಅದೇ ನೆರೆಯಿಂದ ಬಂದ ಸಿದ್ಧಲಿಂಗಯ್ಯನವರ ಕಣ್ಣು ಮನೆಯ ಹೊರಗಿನ ಹೊಲದ ಮೇಲೆ, ಆ ಹೊಲದ ಮೇಲಿನ ಸಾಲದ ಮೇಲೆ ನೆಟ್ಟಿತು.

ಸ್ಟುಡಿಯೊದ ಕೆಳಗಿನ ಮೆಟ್ಟಿಲು

ಸಿದ್ಧಲಿಂಗಯ್ಯ ಸಿನಿಮಾ ಕಲಿತದ್ದು ಶಾಲೆಯಲ್ಲಲ್ಲ. ಮೈಸೂರಿನ ನವಜ್ಯೋತಿ ಸ್ಟುಡಿಯೊದಲ್ಲಿ ಹೇಳಿದ ಕೆಲಸ ಮಾಡುವ ಹುಡುಗನಾಗಿ ಸೇರಿದರು. ಅಲ್ಲಿಂದ ಡಿ. ಶಂಕರ್‌ಸಿಂಗ್ ಮತ್ತು ಬಿ. ವಿಠ್ಠಲಾಚಾರ್ಯರ ಬಳಿ ಸಹಾಯಕರಾದರು. ಉಡುಪಿ ಕಡೆಯವರಾದ ವಿಠ್ಠಲಾಚಾರ್ಯರು ಅರಸೀಕೆರೆಯಲ್ಲಿ ಹೋಟೆಲು ನಡೆಸಿ, ಹಾಸನ ಜಿಲ್ಲೆಯಲ್ಲಿ ಟೂರಿಂಗ್ ಟಾಕೀಸು ಕೊಂಡು, ಆಮೇಲೆ ಚಿತ್ರ ತೆಗೆಯಲು ಮೈಸೂರಿಗೆ ಬಂದವರು. ಡೇರೆಯಲ್ಲಿ ಟಿಕೆಟ್ ಹರಿದವರಿಗೆ ಪ್ರೇಕ್ಷಕ ಯಾವಾಗ ಆಕಳಿಸುತ್ತಾನೆ ಎಂಬುದು ಚೆನ್ನಾಗಿ ಗೊತ್ತಿರುತ್ತದೆ. ಅರಸೀಕೆರೆ ದಾಟಿದರೆ ಕಡೂರು, ಬೀರೂರು. ಬೀರೂರಿನಲ್ಲಿ ಕವಲೊಡೆದ ರೈಲು ಒಂದು ಕಡೆ ತರೀಕೆರೆಗೆ, ಇನ್ನೊಂದು ಕಡೆ ಅಜ್ಜಂಪುರಕ್ಕೆ. ಗುರುವಿಗೂ ಶಿಷ್ಯನಿಗೂ ಪರಿಚಯವಿದ್ದ ಪ್ರೇಕ್ಷಕರು ಒಂದೇ ಸೀಮೆಯವರು.

ಸ್ವತಂತ್ರ ನಿರ್ದೇಶಕರಾದದ್ದು 1969ರಲ್ಲಿ, ದ್ವಾರಕೀಶ್ ನಿರ್ಮಿಸಿದ ‘ಮೇಯರ್ ಮುತ್ತಣ್ಣ’ದಿಂದ. ಹಳ್ಳಿಯಿಂದ ಪಟ್ಟಣಕ್ಕೆ ಬಂದವನೊಬ್ಬ ಮೇಯರ್ ಆಗುವ ಕಥೆ. ಅಲ್ಲಿಂದ ಐದು ವರ್ಷದೊಳಗೆ ‘ಬಾಳು ಬೆಳಗಿತು’, ‘ನಮ್ಮ ಸಂಸಾರ’, ‘ತಾಯಿ ದೇವರು’, ‘ನ್ಯಾಯವೇ ದೇವರು’, ‘ಬಂಗಾರದ ಮನುಷ್ಯ’, ‘ದೂರದ ಬೆಟ್ಟ’ ಸಾಲಾಗಿ ಬಂದವು. ಎಲ್ಲದರಲ್ಲೂ ರಾಜಕುಮಾರ್. ಈ ಪಟ್ಟಿಯಲ್ಲಿ ಒಂದೆರಡು ಚಿತ್ರಗಳು ಆ ಕಾಲದ ಕೌಟುಂಬಿಕ ಅಚ್ಚಿನವೇ. ಆದರೆ ‘ಬಂಗಾರದ ಮನುಷ್ಯ’ಕ್ಕೆ ಬರುವ ಹೊತ್ತಿಗೆ ಅವರಿಗೆ ತಮ್ಮ ವಿಷಯ ಸಿಕ್ಕಿತ್ತು.

ಯಾರು ಯಾರಿಗೆ ಎಷ್ಟು ಬಾಕಿ?

ಸಿದ್ಧಲಿಂಗಯ್ಯನವರ ಒಳ್ಳೆಯ ಚಿತ್ರಕಥೆಗಳನ್ನು ಸಾಹುಕಾರನ ಲೆಕ್ಕದ ಪುಸ್ತಕದಂತೆ ಓದಬಹುದು. ಪ್ರತಿ ದೃಶ್ಯದ ಕೊನೆಗೆ ಒಬ್ಬನ ಋಣ ಏರಿರುತ್ತದೆ, ಮತ್ತೊಬ್ಬನದು ಇಳಿದಿರುತ್ತದೆ. ಪ್ರೇಕ್ಷಕ ಕಾಯುವುದು ಆ ಲೆಕ್ಕ ಚುಕ್ತಾ ಆಗುವ ಗಳಿಗೆಗಾಗಿ.

‘ಬಂಗಾರದ ಮನುಷ್ಯ’ದ ರಾಜೀವ ಅಕ್ಕನ ಮನೆಗೆ ಬರುವ ಹೊತ್ತಿಗೆ ಭಾವ ತೀರಿಕೊಳ್ಳುತ್ತಾನೆ. ಸಂಸಾರದ ಹೊರೆಯೂ ಸಾಲವೂ ಅವನ ಹೆಗಲೇರುತ್ತವೆ. ಕಲ್ಲುಬಂಡೆಯ ಬೀಳು ನೆಲವನ್ನು ಹೊಲ ಮಾಡುತ್ತಾನೆ. ಊರಿನ ರಾಚೂಟಪ್ಪ ಜೊತೆಗೆ ನಿಲ್ಲುತ್ತಾನೆ. ಬಾಲಕೃಷ್ಣ ಮಾಡಿದ ಆ ಪಾತ್ರವನ್ನು ಈಗಲೂ ಹಳ್ಳಿಯ ಕಡೆ ನೆನೆಯುವವರಿದ್ದಾರೆ. ರಾಜೀವ ಅಕ್ಕನ ಮಕ್ಕಳನ್ನು ಓದಿಸುತ್ತಾನೆ. ಹೊರಜಗತ್ತಿಗೆ ತಿಳಿಯದ ಭಾವನ ಇನ್ನೊಂದು ಸಂಸಾರದ ಹೊಣೆಯನ್ನೂ ಗುಟ್ಟಾಗಿ ಹೊರುತ್ತಾನೆ. ಹೆಂಡತಿ ಲಕ್ಷ್ಮಿ ಸಾಯುತ್ತಾಳೆ. ಕೊನೆಗೆ, ಓದಿಸಿದ ಹುಡುಗನೇ ಅವನನ್ನು ಅನುಮಾನಿಸಿ ಅವಮಾನಿಸುತ್ತಾನೆ. ರಾಜೀವ ಒಂದು ಮಾತಿನ ಸಮಜಾಯಿಷಿಯನ್ನೂ ಕೊಡದೆ ಮನೆ ಬಿಟ್ಟು ಹೊರಡುತ್ತಾನೆ.

ಈ ಕೊನೆಯನ್ನು ಕುಶಲ ಚಿತ್ರಕಥೆಗಾರನ ಕಣ್ಣಿನಿಂದ ನೋಡಬೇಕು. ಜನಪ್ರಿಯ ಚಿತ್ರದಲ್ಲಿ ಗುಟ್ಟು ಬಯಲಾಗಬೇಕು, ತಪ್ಪು ಮಾಡಿದವನು ಕಾಲಿಗೆ ಬೀಳಬೇಕು, ನಾಯಕ ಎತ್ತಿ ಅಪ್ಪಿಕೊಳ್ಳಬೇಕು. ಅಂಥ ಸಮಾಧಾನ ಇಲ್ಲಿ ನಾಯಕನಿಗೆ ಸಿಗುವುದಿಲ್ಲ. ಅವನು ಹಿಂತಿರುಗಿ ಬರುವುದಿಲ್ಲ. ಬಾಕಿ ಹಾಗೇ ಉಳಿಯುತ್ತದೆ, ಅದನ್ನು ಮನೆಗೆ ಹೊತ್ತು ಹೋಗುವವನು ಪ್ರೇಕ್ಷಕ. ತೀರದ ಆ ಬಾಕಿಯೇ ಜನರನ್ನು ಮತ್ತೆ ಮತ್ತೆ ಚಿತ್ರಮಂದಿರಕ್ಕೆ ಎಳೆದು ತಂದಿತು ಎಂದು ನನ್ನ ಎಣಿಕೆ. 1972ರ ಮಾರ್ಚ್ 31ರಂದು ತೆರೆಕಂಡ ಚಿತ್ರ ಬೆಂಗಳೂರಿನ ಸ್ಟೇಟ್ಸ್ ಚಿತ್ರಮಂದಿರದಲ್ಲಿ 104 ವಾರ ಓಡಿತು.

ಕೆಲಸ ಬಿಟ್ಟು ಹಳ್ಳಿಗೆ ಹೋಗಿ ಬೇಸಾಯಕ್ಕಿಳಿದ ಯುವಕರ ಮಾತು ಈ ಚಿತ್ರದ ಜೊತೆ ಸೇರಿಕೊಂಡೇ ಬರುತ್ತದೆ. ಕಾಲವೂ ಹಾಗಿತ್ತು. ಡಿ. ದೇವರಾಜ ಅರಸು ಮುಖ್ಯಮಂತ್ರಿಯಾಗಿ ಪ್ರಮಾಣ ಸ್ವೀಕರಿಸಿದ್ದು 1972ರ ಮಾರ್ಚ್ 20ರಂದು, ಚಿತ್ರ ತೆರೆಕಾಣುವುದಕ್ಕೆ ಹನ್ನೊಂದು ದಿನ ಮೊದಲು. ನೆಲ ಯಾರದ್ದಾಗಬೇಕು ಎಂಬ ಪ್ರಶ್ನೆ ವಿಧಾನಸೌಧದಲ್ಲೂ ಹಳ್ಳಿಕಟ್ಟೆಯಲ್ಲೂ ಎದ್ದಿದ್ದ ಹೊತ್ತು. ಸಿದ್ಧಲಿಂಗಯ್ಯನವರ ಉತ್ತರ ಇಲ್ಲಿ ವ್ಯಕ್ತಿಯ ದುಡಿಮೆ ಮತ್ತು ತ್ಯಾಗ. ಒಬ್ಬ ಒಳ್ಳೆಯವನು ಗಟ್ಟಿಯಾಗಿ ನಿಂತರೆ ಮನೆಯೂ ಊರೂ ಬದುಕುತ್ತವೆ ಎಂಬ ನಂಬಿಕೆ. ಎರಡು ವರ್ಷದ ನಂತರ ಅವರದೇ ಮತ್ತೊಂದು ಚಿತ್ರ ಈ ನಂಬಿಕೆಯನ್ನು ಪ್ರಶ್ನೆಗೆ ಒಡ್ಡಿತು.

ಭೂತಯ್ಯನ ಊರು

‘ಭೂತಯ್ಯನ ಮಗ ಅಯ್ಯು’ ಗೊರೂರು ರಾಮಸ್ವಾಮಿ ಅಯ್ಯಂಗಾರರ ಕಥೆ. ಗೊರೂರರ ಬರವಣಿಗೆಯ ಗುಣ ನಗೆ, ಹರಟೆ, ಊರಿನ ಮಂದಿಯ ಮೇಲಿನ ವಾತ್ಸಲ್ಯ. ಸಿದ್ಧಲಿಂಗಯ್ಯ ಅದರಿಂದ ಎತ್ತಿಕೊಂಡದ್ದು ಊರನ್ನೂ ಮಂದಿಯನ್ನೂ. ಕಟ್ಟಿದ್ದು ಎರಡು ತಲೆಮಾರಿನ ಹಗೆಯ ಕಥೆ. ಸಂಭಾಷಣೆ ಹುಣಸೂರು ಕೃಷ್ಣಮೂರ್ತಿಯವರದು. ಡಿ.ವಿ. ರಾಜಾರಾಂ ಛಾಯಾಗ್ರಹಣ. ಚಿತ್ರೀಕರಣಕ್ಕೆ ಸಿದ್ಧಲಿಂಗಯ್ಯ ತಮ್ಮ ಜಿಲ್ಲೆಗೇ, ಚಿಕ್ಕಮಗಳೂರಿನ ಕಳಸಾಪುರಕ್ಕೆ ಬಂದರು. ಸ್ಟುಡಿಯೊದ ರಟ್ಟಿನ ಗೋಡೆಗಳ ಬದಲು ನಿಜವಾದ ಬೀದಿ, ಜಗಲಿ, ಕೊಟ್ಟಿಗೆ ತೆರೆಗೆ ಬಂದವು.

ಎಂ.ಪಿ. ಶಂಕರ್ ಮಾಡಿದ ಭೂತಯ್ಯ ಸಾಲ ಕೊಟ್ಟು ಊರನ್ನೇ ಹಿಂಡುವವನು. ಅವನ ಸಾಲಕ್ಕೆ ಸಿಕ್ಕ ಒಂದು ಮನೆತನ ನೆಲ ಕಳೆದುಕೊಳ್ಳುತ್ತದೆ. ಆ ಮನೆಯ ಮಗ ಗುಳ್ಳ, ಭೂತಯ್ಯನ ಮಗ ಅಯ್ಯು. ಗುಳ್ಳನಾಗಿ ವಿಷ್ಣುವರ್ಧನ್, ಅಯ್ಯುವಾಗಿ ಲೋಕೇಶ್. ವಿಷ್ಣುವರ್ಧನ್ ಆಗಷ್ಟೇ ‘ನಾಗರಹಾವು’ ಮುಗಿಸಿ ಬಂದ ಹುಡುಗ. ಲೋಕೇಶ್, ‘ಸತಿ ಸುಲೋಚನಾ’ದ ನಾಯಕ ಎಂ.ವಿ. ಸುಬ್ಬಯ್ಯನಾಯ್ಡು ಅವರ ಮಗ. ಈ ಪಾತ್ರಕ್ಕೆ ಅವರಿಗೆ ರಾಜ್ಯದ ಶ್ರೇಷ್ಠ ನಟ ಪ್ರಶಸ್ತಿ ಬಂತು.

ಭೂತಯ್ಯ ಸತ್ತಾಗ ಊರು ಬೆನ್ನು ತಿರುಗಿಸುತ್ತದೆ. ಹೆಣಕ್ಕೆ ಹೆಗಲು ಕೊಡುವವರಿಲ್ಲ. ಇಲ್ಲಿ ಚಿತ್ರಕಥೆಗಾರ ಒಂದು ಸೂಕ್ಷ್ಮ ಕೆಲಸ ಮಾಡುತ್ತಾನೆ. ಅಲ್ಲಿಯವರೆಗೂ ಪ್ರೇಕ್ಷಕ ಭೂತಯ್ಯನನ್ನು ದ್ವೇಷಿಸಿದ್ದಾನೆ, ಅವನು ಸತ್ತದ್ದಕ್ಕೆ ಹಗುರಾಗಿದ್ದಾನೆ. ಆದರೆ ಒಂಟಿಯಾಗಿ ಉಳಿದ ಮಗನನ್ನು ಕಂಡಾಗ ಅದೇ ಪ್ರೇಕ್ಷಕನಿಗೆ ಮುಜುಗರವಾಗುತ್ತದೆ. ತಂದೆಯ ಆಸ್ತಿಯ ಜೊತೆಗೆ ತಂದೆಯ ಹಗೆಯೂ ಪಿತ್ರಾರ್ಜಿತವಾಗಿ ಬರುತ್ತದೆ ಎಂಬುದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಹೇಳಬೇಕಾಗಿಯೂ ಇಲ್ಲ.

ಉಪ್ಪಿನಕಾಯಿಯ ಪ್ರಸಂಗವಂತೂ ಕನ್ನಡ ನಾಡಿನ ಮನೆಮಾತು. ಉಪ್ಪಿನಕಾಯಿಗಾಗಿ ಬಾಯಿ ಬಿಡುವ ಆ ಪಾತ್ರ ಮಾಡಿದ ಲೋಕನಾಥ್ ಜೀವನಪೂರ್ತಿ ‘ಉಪ್ಪಿನಕಾಯಿ ಲೋಕನಾಥ್’ ಎಂದೇ ಕರೆಸಿಕೊಂಡರು. ಜನ ಅದನ್ನು ಹಾಸ್ಯವೆಂದು ನೆನೆಯುತ್ತಾರೆ. ಅದರೊಳಗೆ ಊರಿನ ಅರ್ಥವ್ಯವಸ್ಥೆಯೇ ಇದೆ. ಒಬ್ಬರ ಮನೆಯಲ್ಲಿ ಜಾಡಿ ತುಂಬಿದೆ, ಇನ್ನೊಬ್ಬನ ನಾಲಿಗೆಗೆ ಒಂದು ಹೋಳೂ ಇಲ್ಲ. ಹಸಿವಿನ ಬಗ್ಗೆ ಭಾಷಣ ಬರೆಯಬಹುದಾಗಿದ್ದ ಕಡೆ ಸಿದ್ಧಲಿಂಗಯ್ಯ ಒಂದು ಜಾಡಿ ಇಟ್ಟರು.

ಅಯ್ಯುವನ್ನು ತಿದ್ದುವುದು ಹೊಡೆದಾಟವೂ ಅಲ್ಲ, ಕೋರ್ಟೂ ಅಲ್ಲ. ಎಲ್.ವಿ. ಶಾರದಾ ಮಾಡಿದ ಹೆಂಡತಿಯ ಪಾತ್ರ ಅವನೊಳಗೆ ಮೊದಲ ಬಿರುಕು ಮೂಡಿಸುತ್ತದೆ. ಅದಾದ ಮೇಲೆ ಪ್ರವಾಹ ಬರುತ್ತದೆ. ನೀರಿಗೆ ಸಾಲ ಕೊಟ್ಟವನು, ಸಾಲ ಪಡೆದವನು ಎಂಬ ಭೇದವಿಲ್ಲ. ಹಗೆ ಕರಗುವುದು ಅಲ್ಲಿ. ‘ಬಂಗಾರದ ಮನುಷ್ಯ’ದಲ್ಲಿ ಒಬ್ಬನ ಒಳ್ಳೆಯತನ ಊರನ್ನು ಬದುಕಿಸುತ್ತದೆ, ‘ಅಯ್ಯು’ವಿನಲ್ಲಿ ಒಬ್ಬನ ಒಳ್ಳೆಯತನಕ್ಕೆ ಊರು ದಾರಿ ಬಿಡಬೇಕಾಗುತ್ತದೆ. ಎರಡನೆಯದು ಹೆಚ್ಚು ಮಾಗಿದ ಆಲೋಚನೆ.

ಚಿತ್ರ ಬಂದದ್ದು 1974ರಲ್ಲಿ. ಅದೇ ವರ್ಷದ ಮಾರ್ಚ್ 1ರಿಂದ ಕರ್ನಾಟಕದ ಭೂಸುಧಾರಣಾ ತಿದ್ದುಪಡಿ ಕಾಯ್ದೆ ಜಾರಿಗೆ ಬಂತು. ಗೇಣಿದಾರರು ಫಾರಂ ನಂಬರ್ 7 ಹಿಡಿದು ತಾಲ್ಲೂಕು ಕಚೇರಿಯ ಮುಂದೆ ನಿಂತರು. 1976ರಲ್ಲಿ ಋಣ ಪರಿಹಾರ ಕಾಯ್ದೆಯೂ ಬಂತು. ಕಾನೂನು ಭೂತಯ್ಯನ ಕಡತವನ್ನು ಮುಚ್ಚಲು ಹೊರಟಿದ್ದ ಹೊತ್ತಿನಲ್ಲೇ ಚಿತ್ರಕಥೆಯೊಂದು ಅವನ ಮನೆಯ ಬಾಗಿಲು ತೆರೆದು ತೋರಿಸಿತು.

ಎರಡು ದಾರಿಗಳ ನಡುವೆ

ಅದು ಕನ್ನಡ ಚಿತ್ರರಂಗ ಎರಡಾಗಿ ಹರಿಯುತ್ತಿದ್ದ ಕಾಲ. ‘ಸಂಸ್ಕಾರ’, ‘ವಂಶವೃಕ್ಷ’, ‘ಕಾಡು’, ‘ಚೋಮನ ದುಡಿ’, ‘ಘಟಶ್ರಾದ್ಧ’ ದೇಶದ ಗಮನ ಸೆಳೆದವು, ಹಳ್ಳಿಯ ಡೇರೆಯವರೆಗೆ ಹೆಚ್ಚು ತಲುಪಲಿಲ್ಲ. ಪುಟ್ಟಣ್ಣ ಕಣಗಾಲ್ ಹೆಣ್ಣಿನ ಮನಸ್ಸಿನ ಒಳಗಿಳಿದು ಜನಪ್ರಿಯ ಚಿತ್ರಕ್ಕೆ ಹೊಸ ದಾರಿ ತೋರಿದರು. ಸಿದ್ಧಲಿಂಗಯ್ಯ ಹಿಡಿದದ್ದು ಮತ್ತೊಂದು ಜಾಡು. ಹೊಸ ಅಲೆಯ ಚಿತ್ರಗಳು ಎತ್ತಿದ ನೆಲ, ಜಾತಿ, ಸಾಲದ ಪ್ರಶ್ನೆಗಳನ್ನು ಹಾಡು, ಹಾಸ್ಯ, ಹೊಡೆದಾಟಗಳ ನಡುವೆಯೇ ಅವರು ಕೂರಿಸಿದರು. ಜಾತಿಯ ಪ್ರಶ್ನೆಯಲ್ಲಿ ಅವರ ಧ್ವನಿ ಮೆತ್ತಗೆ ಎನ್ನುವುದನ್ನು ಒಪ್ಪಲೇಬೇಕು. ‘ಬಂಗಾರದ ಮನುಷ್ಯ’ದ ಲಕ್ಷ್ಮಿಯ ಸಾವು ನಾಯಕನ ದುಃಖಕ್ಕೆ ಒದಗುವ ಘಟನೆಯಾಗಿ ಬರುತ್ತದೆ ಎಂಬ ತಕರಾರೂ ನ್ಯಾಯವಾದದ್ದೇ. ಆದರೆ ಸಾಲದ ವಿಷಯದಲ್ಲಿ ಅವರಷ್ಟು ಖಚಿತವಾಗಿ ಬರೆದ ಜನಪ್ರಿಯ ಚಿತ್ರಕಥೆಗಾರ ಕನ್ನಡದಲ್ಲಿ ಮತ್ತೊಬ್ಬ ಇಲ್ಲ.

ಮುಂದಿನ ವರ್ಷಗಳಲ್ಲಿ ‘ಹೇಮಾವತಿ’, ‘ಭೂಲೋಕದಲ್ಲಿ ಯಮರಾಜ’, ‘ಬಿಳಿಗಿರಿಯ ಬನದಲ್ಲಿ’ ಬಂದವು. 1983ರ ‘ಪ್ರೇಮಪರ್ವ’ದಲ್ಲಿ ಮಗ ಮುರಳಿ ನಟಿಸಿದರು. ಮುರಳಿ ತಮಿಳಿನಲ್ಲಿ ದೊಡ್ಡ ಹೆಸರು ಮಾಡಿ 2010ರಲ್ಲಿ ಅಕಾಲದಲ್ಲಿ ತೀರಿಕೊಂಡರು. ಮೊಮ್ಮಗ ಅಥರ್ವ ಇಂದು ತಮಿಳು ಚಿತ್ರರಂಗದಲ್ಲಿದ್ದಾರೆ. ಸಿದ್ಧಲಿಂಗಯ್ಯನವರ ಕೊನೆಯ ಚಿತ್ರಗಳಲ್ಲಿ ಹಳೆಯ ಕಸುವು ಕಾಣುವುದಿಲ್ಲ. ಸಾಲ, ನೆಲ, ಊರು ಕಥೆಯಿಂದ ಹಿಂದೆ ಸರಿದು ಪ್ರೇಮ ಮುಂದೆ ಬಂದಾಗ ಅವರ ಲೇಖನಿಗೆ ಹಿಡಿತ ತಪ್ಪಿತು.

ಬಲಾಜ್ ಹೇಳಿದ ಮಾತು

ಚಿತ್ರಕಥೆ ಸಾಹಿತ್ಯವೇ ಎಂಬ ಚರ್ಚೆ ಹೊಸದಲ್ಲ. ಹಂಗೇರಿಯ ಬೆಲಾ ಬಲಾಜ್ (1884–1949) ಕವಿ, ನಾಟಕಕಾರ, ಚಿತ್ರಕಥೆಗಾರ. ಮಾತಿಲ್ಲದ ಚಿತ್ರಗಳ ಕಾಲದಲ್ಲೇ, 1924ರಲ್ಲಿ, ಅವರು ಸಿನಿಮಾ ಕುರಿತು ಒಂದು ಪುಸ್ತಕ ಬರೆದರು. ಅಚ್ಚಿನ ಪುಸ್ತಕ ಬಂದ ಮೇಲೆ ಮನುಷ್ಯ ಇನ್ನೊಬ್ಬರ ಮುಖ ಓದುವುದನ್ನು ಮರೆತ, ಸಿನಿಮಾ ಅದನ್ನು ಮತ್ತೆ ಕಲಿಸುತ್ತಿದೆ ಎಂಬುದು ಅದರ ಸಾರ. ಚಿತ್ರಕಥೆ ನಾಟಕದ ಹಾಗೆಯೇ ತನ್ನ ಕಾಲ ಮೇಲೆ ನಿಲ್ಲುವ ಸಾಹಿತ್ಯ ಪ್ರಕಾರ ಎಂದೂ ಅವರು ವಾದಿಸಿದರು. ಯೂರೋಪಿನಲ್ಲಿ ಆ ವಾದಕ್ಕೆ ಬೆಲೆ ಸಿಕ್ಕಿ, ಅನೇಕ ಚಿತ್ರಕಥೆಗಳು ಪುಸ್ತಕಗಳಾದವು, ತರಗತಿಯಲ್ಲಿ ಪಾಠವಾದವು.

ಕನ್ನಡದಲ್ಲಿ ನಾಟಕ ಅಚ್ಚಾಗುತ್ತದೆ, ಚಿತ್ರಗೀತೆಗಳ ಪುಸ್ತಕ ಜಾತ್ರೆಯಲ್ಲೂ ಮಾರಾಟವಾಗುತ್ತಿತ್ತು. ಚಿತ್ರಕಥೆ ಪುಸ್ತಕವಾಗುವುದು ಮಾತ್ರ ಅಪರೂಪ. ಟಿ.ಕೆ. ರಾಮರಾಯರ ಕಾದಂಬರಿಯನ್ನೂ ಸಿದ್ಧಲಿಂಗಯ್ಯನವರ ಚಿತ್ರಕಥೆಯನ್ನೂ ಪಕ್ಕಪಕ್ಕ ಇಟ್ಟು ಓದುವ ಅವಕಾಶ ಕನ್ನಡ ಎಂ.ಎ. ವಿದ್ಯಾರ್ಥಿಗೆ ಸಿಕ್ಕರೆ, ಬರವಣಿಗೆಯಲ್ಲಿ ಏನನ್ನು ಬಿಡಬೇಕು ಎಂಬ ಪಾಠ ಅದರಷ್ಟು ಚೆನ್ನಾಗಿ ಬೇರೆಲ್ಲೂ ಸಿಗಲಾರದು. ಇಂದು ಸಣ್ಣ ಊರಿನ ಹುಡುಗ ಹುಡುಗಿಯರು ಮೊಬೈಲಿನಲ್ಲೇ ಕಿರುಚಿತ್ರ ತೆಗೆಯುತ್ತಾರೆ. ಅವರಲ್ಲಿ ಕ್ಯಾಮೆರಾ ಇದೆ, ಎಡಿಟಿಂಗ್ ಇದೆ. ಕೊರತೆ ಇರುವುದು ಗಟ್ಟಿಯಾದ ಚಿತ್ರಕಥೆಗೆ. ಅದಕ್ಕೆ ಮಾದರಿ ಹುಡುಕಿಕೊಂಡು ಅವರು ಕೊರಿಯಾಕ್ಕೋ ಹಾಲಿವುಡ್ಡಿಗೋ ಹೋಗಬೇಕಾಗಿಲ್ಲ.

ಕರ್ನಾಟಕ ಚಲನಚಿತ್ರ ಅಕಾಡೆಮಿಯೋ ಕನ್ನಡ ಪುಸ್ತಕ ಪ್ರಾಧಿಕಾರವೋ ‘ಬಂಗಾರದ ಮನುಷ್ಯ’ ಮತ್ತು ‘ಭೂತಯ್ಯನ ಮಗ ಅಯ್ಯು’ ಚಿತ್ರಗಳ ದೃಶ್ಯ ದೃಶ್ಯವನ್ನೂ ಬರಹಕ್ಕಿಳಿಸಿ ಪುಸ್ತಕ ಮಾಡಲಿ. ಮೂಲ ಹಸ್ತಪ್ರತಿಗಾಗಿ ಕಾಯಬೇಕಾಗಿಲ್ಲ, ಚಿತ್ರವೇ ಮುಂದಿದೆ. ಆ ಪುಸ್ತಕದ ಮೊದಲ ಪ್ರತಿಗಳು ತರೀಕೆರೆ, ಕಡೂರು, ಅಜ್ಜಂಪುರದ ಸಾರ್ವಜನಿಕ ಗ್ರಂಥಾಲಯಗಳ ಕಪಾಟು ಸೇರಲಿ. ಅಲ್ಲಿಯವರೆಗೆ ಓದುಗರು ಮಾಡಬಹುದಾದದ್ದು ಒಂದಿದೆ. ಮುಂದಿನ ಸಲ ಈ ಎರಡು ಚಿತ್ರಗಳಲ್ಲಿ ಯಾವುದಾದರೂ ಒಂದು ಟಿ.ವಿ.ಯಲ್ಲಿ ಬಂದಾಗ ಟೈಟಲ್ ಮುಗಿಯುವವರೆಗೂ ಕಣ್ಣು ತೆಗೆಯಬೇಡಿ, ‘ಚಿತ್ರಕಥೆ’ ಎಂಬ ಸಾಲಿನ ಮುಂದಿರುವ ಹೆಸರನ್ನು ಓದಿ, ಅವರು ತರೀಕೆರೆಯವರು ಎಂದು ಮನೆಯ ಮಕ್ಕಳಿಗೆ ಹೇಳಿ.